ಕೊಬ್ಬರಿ ಅಟ್ಟದ ಬೆಳಕಿನ ವಿದ್ಯಾಪೀಠ

ದೊಡ್ಡಪ್ಪ ತೆಂಗಿನ ಮರದಿಂದ ಮೇಲಕ್ಕೆ ಬಿದ್ದದ್ದನ್ನು ನಾನು ಕಣ್ಣಾರೆ ನೋಡಿದ್ದೇನೆ. ಈ ಮಾತನ್ನು ಇದುವರೆಗೆ ಯಾರ ಎದುರಿಗೂ ಆಡಿಲ್ಲ. ಅಜ್ಜಂಪುರದ ಕಾಲೇಜೊಂದರಲ್ಲಿ ಭೌತಶಾಸ್ತ್ರ ಕಲಿಸುವವಳು ಹೀಗೆ ಹೇಳಿದರೆ ಕೇಳಿದವರು ನಕ್ಕಾರು. ಆದರೆ ನಾನು ಕಂಡದ್ದು ಹಾಗೆಯೇ.

ಆಗ ನನಗೆ ಒಂಬತ್ತು ವರ್ಷ. ನಮ್ಮ ಮನೆ ತರೀಕೆರೆಯಲ್ಲಿ. ದಸರಾ ರಜೆ ಬಂತೆಂದರೆ ಕಡೂರಿನಲ್ಲಿ ಬಸ್ಸು ಬದಲಿಸಿ ಸಿಂಗಟಗೆರೆ ಕಡೆಯ ದೊಡ್ಡಪ್ಪನ ಊರಿಗೆ ನನ್ನನ್ನು ಕರೆದೊಯ್ದು ಬಿಡುತ್ತಿದ್ದರು. ಆ ಕಡೆಯ ತೋಟದವರ ಮನೆಗಳಲ್ಲಿ ಇರುವಂತೆ ಅವರ ಮನೆಯಲ್ಲೂ ಕೊಬ್ಬರಿ ಅಟ್ಟ ಇತ್ತು. ಬಲಿತ ಕಾಯಿಗಳನ್ನು ಅಲ್ಲಿ ರಾಶಿ ಹಾಕಿ, ಒಳಗಿನ ನೀರು ಇಂಗಿ ಕೊಬ್ಬರಿಯಾಗುವವರೆಗೆ ತಿಂಗಳುಗಟ್ಟಲೆ ಮುಟ್ಟದೆ ಬಿಡುತ್ತಾರೆ. ಅಟ್ಟಕ್ಕೆ ಇದ್ದದ್ದು ಒಂದೇ ಕಿಟಕಿ. ಅದರ ಮರದ ಬಾಗಿಲು ಸದಾ ಮುಚ್ಚಿರುತ್ತಿತ್ತು. ಬಾಗಿಲಿನಲ್ಲಿ ಎಂದೋ ದಪ್ಪ ಮೊಳೆಯೊಂದು ಕಿತ್ತು ಬಿದ್ದು, ತೂತು ಉಳಿದಿತ್ತು.

ಆ ತೂತಿನಿಂದ ಬಂದ ಬೆಳಕು ಎದುರಿನ ಸುಣ್ಣದ ಗೋಡೆಯ ಮೇಲೆ ಹೊರಗಿನ ತೋಟವನ್ನು ಬಣ್ಣ ಸಮೇತ, ತಲೆಕೆಳಗಾಗಿ ಮೂಡಿಸುತ್ತದೆಂದು ಕಂಡುಹಿಡಿದವಳು ದೊಡ್ಡಪ್ಪನ ಮಗಳು. ನನಗಿಂತ ಎರಡು ವರ್ಷ ದೊಡ್ಡವಳು, ನಾನು ಅಕ್ಕ ಎನ್ನುತ್ತಿದ್ದೆ. ಮನೆಯಲ್ಲಿ ಯಾರಿಗೂ ಹೇಳದೆ ಅವಳು ಅಲ್ಲಿ ಬೆಳಕಿನ ಮಂತ್ರವಿದ್ಯೆ ಕಲಿಸುವ ವಿದ್ಯಾಪೀಠವನ್ನು ತೆರೆದಳು. ಅವಳೇ ಹೆಡ್ ಮೇಡಂ, ನಾನೊಬ್ಬಳೇ ವಿದ್ಯಾರ್ಥಿನಿ. ಒಳಗೆ ಬಂದ ಕೂಡಲೇ ಕಣ್ಣು ಮುಚ್ಚಿ ಕೂತು ಹೊರಗಿನ ಬೆಳಕನ್ನು ಕಣ್ಣಿನಿಂದ ಇಳಿಸಬೇಕು. ಬೆರಳಿನಿಂದ ತೂತು ಮುಚ್ಚಿ ತೋಟವನ್ನು ಮಾಯ ಮಾಡುವುದು ಮೊದಲ ತರಗತಿ. ಗೋಡೆಯ ಮೇಲೆ ಮೇಯುವ ಹಸುವನ್ನು ಅಂಗೈಯಲ್ಲಿ ಹಿಡಿಯುವುದು ಎರಡನೆಯದು.

"ಇಲ್ಲಿ ನೆಲ ಮೇಲೈತೆ, ಆಕಾಶ ಕೆಳಗೈತೆ. ಅದ್ಕೇ ಇಲ್ಲಿ ಯಾರೂ ಬೀಳಲ್ಲ ಕಣೇ," ಎಂದು ಅಕ್ಕ ಪಾಠ ಮಾಡಿದ್ದಳು. ಕೊನೆಯ ಪರೀಕ್ಷೆ ಅವಳಿಗೇ ಇತ್ತು: ಒಬ್ಬ ಮನುಷ್ಯನನ್ನು ಆಕಾಶಕ್ಕೆ ಇಳಿಸಬೇಕು.

ಒಂದು ಬೆಳಿಗ್ಗೆ ಸಖರಾಯಪಟ್ಟಣದಿಂದ ನೆಂಟರು ಬರುವವರಿದ್ದರು. ಎಳನೀರು ಕೀಳಲು ದೊಡ್ಡಪ್ಪ ತಲೆಗೆ ಕೆಂಪು ಟವೆಲ್ ಸುತ್ತಿಕೊಂಡು ಹೊರಟರು. ಅವರು ಯಾವಾಗಲೂ ಹತ್ತುತ್ತಿದ್ದದ್ದು ಬಾವಿ ಪಕ್ಕದ ಗಿಡ್ಡ ಮರವನ್ನು. ಅದು ನಮ್ಮ ಗೋಡೆಯಲ್ಲಿ ಮೂಡುತ್ತಿರಲಿಲ್ಲ; ಮೂಡುತ್ತಿದ್ದದ್ದು ಬೇಲಿ ಬದಿಯ ಎತ್ತರದ ತೆಂಗು. ಅಕ್ಕ ಹಿಂದೆಯೇ ಓಡಿದಳು.

"ಅಪ್ಪಾ, ಅದು ಬ್ಯಾಡ. ಆ ಬೇಲಿ ಮರ ಹತ್ತು."

"ಯಾಕವ್ವ, ಅದ್ರಲ್ಲಿ ಎಳನೀರು ಬದ್ಲು ಪಾಯಸ ಬಿಟ್ಟೈತಾ?"

"ಹತ್ತು ಅಂದ್ರೆ ಹತ್ತಪ್ಪಾ. ನಮ್ ಸ್ಕೂಲಿಗೆ ಕಾಣ್ಬೇಕು."

"ರಜದಾಗೆ ಯಾವ ಸ್ಕೂಲೇ?"

"ಹೇಳಂಗಿಲ್ಲ."

"ಆಯ್ತು ಕಣ್ರೀ ಮೇಡಂ. ನೀವು ಹೇಳಿದ್ಮೇಲೆ ಮುಗೀತು."

ನಾವು ಅಟ್ಟ ಹತ್ತಿ ಕೂತೆವು. ಗೋಡೆಯ ಮೇಲೆ ಗೇಣುದ್ದದ ದೊಡ್ಡಪ್ಪ ಕಾಣಿಸಿದರು. ಮೇಲಿನ ನೆಲದಿಂದ ಬೇಲಿ ಮರದುದ್ದಕ್ಕೂ ಕೆಳಗಿಳಿಯುತ್ತ, ನಮ್ಮ ಮೊಣಕಾಲಿನ ಹತ್ತಿರ ತೂಗುತ್ತಿದ್ದ ಗರಿಗಳೊಳಗೆ ಸೇರಿದರು. ಅಕ್ಕ ನನ್ನ ಕೈ ಹಿಸುಕಿ, "ಪಾಸು" ಎಂದಳು.

ಗರಿಗಳು ಅಲ್ಲಾಡಿದವು. ಕೆಂಪು ಚುಕ್ಕೆಯೊಂದು ಅವುಗಳಿಂದ ಬಿಡಿಸಿಕೊಂಡು ಗೋಡೆಯ ಮೇಲೆ ಸರ್ರನೆ ಮೇಲಕ್ಕೆ ಹೋಯಿತು. ಕೈಕಾಲು ಮರವನ್ನು ಮುಟ್ಟುತ್ತಿರಲಿಲ್ಲ. ಮೇಲೆ ನೆಲದ ಗೆರೆಗೆ ತಾಗಿ ನಿಂತಿತು. ಸದ್ದು ಕೇಳಿಸಿದ ನೆನಪು ನನಗಿಲ್ಲ. ಎಷ್ಟು ಚೆಂದ ಹಾರಿದರು ಎಂದುಕೊಂಡೆ. ಹೌದು, ಚೆಂದ ಎಂದೇ ಅನ್ನಿಸಿತು. ಬೆಳಕಿನ ಕಿರಣಗಳು ನೇರ ಚಲಿಸಿ ತೂತಿನಲ್ಲಿ ಒಂದನ್ನೊಂದು ಅಡ್ಡ ಹಾಯುವುದರಿಂದ ಬಿಂಬ ತಲೆಕೆಳಗಾಗುತ್ತದೆಂದು ಈಗ ಬೋರ್ಡಿನ ಮೇಲೆ ಎರಡು ಗೆರೆ ಎಳೆದು ತೋರಿಸುತ್ತೇನೆ. ಆ ಕ್ಷಣಕ್ಕೆ ಆ ಗೆರೆಗಳಿಂದ ಯಾವ ಸಹಾಯವೂ ಆಗುವುದಿಲ್ಲ.

ಹೊರಗೆ ದೊಡ್ಡಮ್ಮ ಕಿರುಚಿದರು. ಗೋಡೆಯ ಮೇಲೆ ಸಣ್ಣ ಸಣ್ಣ ಜನ ತಲೆಕೆಳಗಾಗಿ ಓಡಿ ಬಂದು ಆ ಕೆಂಪನ್ನು ಮುತ್ತಿಕೊಂಡರು. ಅವರ ಓಟದಿಂದ ನನಗೆ ತಿಳಿಯಿತು. ಎದ್ದೆ. ಅಕ್ಕ ನನ್ನ ಲಂಗ ಹಿಡಿದಳು.

"ಹೋಗ್ಬ್ಯಾಡ ಕಣೇ. ಈಗ ವಾಪಸ್ ಬತ್ತಾರೆ ನೋಡು. ಇಲ್ಲಿ ಯಾರೂ ಬೀಳಲ್ಲ."

ಅವಳು ಗರಿಗಳನ್ನೇ ನೋಡುತ್ತಿದ್ದಳು. ಲಂಗ ಬಿಡಿಸಿಕೊಂಡು ನಾನೊಬ್ಬಳೇ ಇಳಿದೆ. ದೊಡ್ಡಪ್ಪನ ಕಣ್ಣು ತೆರೆದಿದ್ದವು. "ನನ್ ಕಾಲು ಎಲ್ಲೈತ್ರೋ?" ಎಂದು ಮೆಲ್ಲಗೆ ಕೇಳುತ್ತಿದ್ದರು. ಕಾಲುಗಳು ಅವರ ದೇಹದಲ್ಲೇ ಇದ್ದವು.

ಕಡೂರಿಗೆ, ಅಲ್ಲಿಂದ ಶಿವಮೊಗ್ಗಕ್ಕೆ ಸಾಗಿಸಿದರು. ಜೀವಕ್ಕೆ ಭಯವಿಲ್ಲ, ಬೆನ್ನುಮೂಳೆಗೆ ಪೆಟ್ಟಾಗಿದೆ, ನಡೆಯುವ ವಿಷಯ ಈಗ ಹೇಳಲಾಗದು ಎಂದರು ಡಾಕ್ಟರು. ದೊಡ್ಡಪ್ಪ ಕೋಲು ಹಿಡಿದು ನಿಂತದ್ದು ಮುಂದಿನ ವರ್ಷ. ಆಗ ಅದು ಯಾರಿಗೂ ಗೊತ್ತಿರಲಿಲ್ಲ.

ಅಕ್ಕ ಆಸ್ಪತ್ರೆಗೆ ಬರಲು ಒಪ್ಪಲಿಲ್ಲ. ಬಟ್ಟೆ ಒಯ್ಯಲು ಮನೆಗೆ ಬಂದಿದ್ದ ದೊಡ್ಡಮ್ಮ, ವಿಚಾರಿಸಲು ಬಂದವರಿಗೆಲ್ಲ ಒಂದೇ ಮಾತು ಹೇಳುತ್ತಿದ್ದರು: "ಯಾವತ್ತೂ ಬಾವಿ ಮರ ಹತ್ತೋರು. ಅವತ್ತು ಯಾವ ದೆವ್ವ ಕರೀತೋ ಬೇಲಿ ಮರಕ್ಕೆ!" ಅಕ್ಕ ಬಾಗಿಲ ಹಿಂದೆ ನಿಂತು ಕೇಳಿಸಿಕೊಂಡಳು. ನಾನು ಅವಳ ಪಕ್ಕದಲ್ಲಿದ್ದೆ. ಅವಳ ತಟ್ಟೆಗೆ ಹಾಕಿದ ಅನ್ನ ಹಾಗೇ ಉಳಿಯುತ್ತಿತ್ತು.

ಕೊನೆಗೆ, ಸುದ್ದಿ ತಿಳಿದು ತರೀಕೆರೆಯಿಂದ ಬಂದಿದ್ದ ನನ್ನ ಅಪ್ಪ ಅವಳನ್ನು ಗದರಿಸಿ, ನನ್ನ ಜೊತೆಗೆ ಕರೆದುಕೊಂಡು ಹೋದರು. ವಾರ್ಡಿನಲ್ಲಿ ದೊಡ್ಡಮ್ಮ ಚಮಚದಲ್ಲಿ ಗಂಜಿ ಕುಡಿಸುತ್ತಿದ್ದರು. ನಮ್ಮನ್ನು ಕಂಡದ್ದೇ ಅವರ ಅಳು ಮತ್ತೆ ಉಕ್ಕಿತು.

"ಯಾಕ್ರೀ ಹತ್ತಿದ್ರಿ ಆ ಮರನಾ?"

"ಅದ್ರ ನೀರು ಸಿಹಿ ಕಣೇ. ನೆಂಟ್ರಿಗೆ ಇರ್ಲಿ ಅಂತ ನಾನೇ ಹತ್ದೆ," ಎಂದರು ದೊಡ್ಡಪ್ಪ, ಚಾವಣಿ ನೋಡುತ್ತ.

"ಸುಳ್ಳು," ಎಂದಳು ಅಕ್ಕ. "ನಾನು ಹತ್ತು ಅಂದೆ ಅಂತ ಹತ್ತಿದ್ದು."

ಚಮಚ ಅಲ್ಲೇ ನಿಂತಿತು. ದೊಡ್ಡಮ್ಮ ಹೊಡೆಯುತ್ತಾರೆಂದುಕೊಂಡೆ.

"ಹತ್ರ ಬಾರವ್ವ, ನಂಗೆ ಕತ್ತು ತಿರುಗ್ಸಕ್ಕಾಗಲ್ಲ," ಎಂದರು ದೊಡ್ಡಪ್ಪ. ಅಕ್ಕ ಹೋಗಿ ಅವರ ಮುಖದ ಮೇಲೆ ಬಾಗಿ ನಿಂತಳು.

"ಕಾಣಿಸ್ದ್ನಾ ಮತ್ತೆ ನಾನು, ನಿನ್ ಸ್ಕೂಲಿಗೆ?"

"ಹೂಂ," ಎಂದಳು ಅಕ್ಕ.

ದೊಡ್ಡಮ್ಮ ಗಂಜಿಯ ಲೋಟ ಕೆಳಗಿಟ್ಟು, ಮಂಚದಡಿಯ ಸ್ಟೂಲನ್ನು ಕಾಲಿನಿಂದಲೇ ಅವಳ ಕಡೆಗೆ ಎಳೆದರು. "ಕೂತ್ಕೋ," ಎಂದರು. ದನಿ ಇನ್ನೂ ಒರಟಾಗಿತ್ತು. "ಏನಾದ್ರೂ ತಿಂದ್ಯಾ?"