ಮಾವನ ಬಸ್ಸು ಹೊಸ ಡ್ರೈವಿಗೆ ಹೋದದ್ದು

ನಲವತ್ತೈದು ದಾಟಿದ, ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುವ, ಬೆಳಿಗ್ಗೆ ಎದ್ದು ಬಿಪಿ ಮಾತ್ರೆ ನುಂಗುವ ಗಂಡಸು ಸಂಜೆ ಕಂಪ್ಯೂಟರ್ ಮುಂದೆ ಕೂತು ಬಸ್ಸು ಓಡಿಸುವ ಆಟ ಆಡುತ್ತಾನೆ ಎಂಬುದು ಸಿಂಧನೂರಿನಲ್ಲಿ ಹೊರಗೆ ಹೇಳಿಕೊಳ್ಳುವ ಮಾತಲ್ಲ. ನಾನೂ ಹೇಳಿಕೊಂಡಿರಲಿಲ್ಲ. ಯಾರಾದರೂ ಮನೆಗೆ ಬಂದರೆ ಪ್ರಶ್ನೆಪತ್ರಿಕೆಯೊಂದನ್ನು ಪರದೆಯ ಮೇಲೆ ತೆರೆದು ಬಸ್ಸನ್ನು ಅದರ ಹಿಂದೆ ಮುಚ್ಚಿಡುತ್ತಿದ್ದೆ. ಹೆಂಡತಿಗೆ ಮಾತ್ರ ಎಲ್ಲ ಗೊತ್ತಿತ್ತು. "ಪ್ರಶ್ನೆಪತ್ರಿಕೆ ಹಾರ್ನ್ ಹೊಡಿತೈತೇನ್ರಿ?" ಎಂದು ಅಡುಗೆಮನೆಯಿಂದಲೇ ಕೇಳುತ್ತಿದ್ದಳು.

ಅಂಥ ದಿನಗಳಲ್ಲಿ ನನ್ನ ಮಾವ, ಅಂದರೆ ಹೆಂಡತಿಯ ತಂದೆ, ಮಸ್ಕಿಯ ತಮ್ಮ ಮನೆಯ ಬಚ್ಚಲಲ್ಲಿ ಜಾರಿ ಬಿದ್ದರು. ಎಡಗಾಲಿನ ಎಲುಬು ಬಿರುಕು ಬಿಟ್ಟಿತು. ಸಿಂಧನೂರಿನ ಆಸ್ಪತ್ರೆಯಲ್ಲಿ ಪ್ಲಾಸ್ಟರು ಹಾಕಿಸಿ ನಮ್ಮ ಮನೆಗೇ ಕರೆತಂದೆವು. ಎಮ್ಮೆ ಬಿಟ್ಟು ಬರಲಾಗುವುದಿಲ್ಲ ಎಂದು ಅತ್ತೆ ಮಸ್ಕಿಯಲ್ಲೇ ಉಳಿದರು. ಮಾವ ಸರ್ಕಾರಿ ಬಸ್ಸಿನ ಡ್ರೈವರ್ ಆಗಿದ್ದವರು. ಸೇವೆಯ ಬಹುಪಾಲನ್ನು ಸಿಂಧನೂರು, ಮಸ್ಕಿ, ಲಿಂಗಸುಗೂರು ದಾರಿಯಲ್ಲೇ ಹೋಗಿಬಂದು ಕಳೆದು ನಿವೃತ್ತರಾದವರು. ಮದುವೆಯಾಗಿ ಇಷ್ಟು ವರ್ಷವಾದರೂ ನನ್ನ ಅವರ ನಡುವಿನ ಮಾತು "ಮಳಿ ಹೆಂಗ?", "ಊಟ ಆತೇನ್ರಿ?" ಎಂಬುದನ್ನು ದಾಟಿರಲಿಲ್ಲ. ನಾನು ಅಳಿಯ, ಅವರು ಮಾವ. ಇಬ್ಬರೂ ಒಬ್ಬರೆದುರು ಒಬ್ಬರು ಅಂಗಿಯ ಮೇಲಿನ ಗುಂಡಿ ಹಾಕಿಕೊಂಡೇ ಕೂರುತ್ತಿದ್ದೆವು.

ಅವರು ಬಂದ ಮೇಲೆ ನಾನು ಆಟ ಬಿಡಬೇಕಿತ್ತು. ಬಿಡಲಿಲ್ಲ. ಒಂದು ಭಾನುವಾರ ಮಾವ ಮಲಗಿದ್ದಾರೆಂದು ತಿಳಿದು ಸಣ್ಣ ದನಿಯಲ್ಲಿ ಬಸ್ಸು ಹೊರಡಿಸಿದೆ. ತಿರುವಿನಲ್ಲಿ ಎಂದಿನಂತೆ ಕಂಬಕ್ಕೆ ಉಜ್ಜಿದೆ. ಅದೇ ಕೋಣೆಯಲ್ಲಿ ಹಿಂದೆ ಮಾವನಿಗೆಂದು ಹಾಕಿದ್ದ ಮಂಚದಿಂದ ದನಿ ಬಂತು.

"ಅಳಿಯಂದ್ರ, ತಿರುವಿನ್ಯಾಗ ಅಷ್ಟು ಜೋರು ಹೋದ್ರ ಮತ್ತೇನಾಗತೈತ್ರಿ?"

ಪ್ರಶ್ನೆಪತ್ರಿಕೆ ತೆರೆಯಲು ಕೈ ಓಡಿತು, ಆದರೆ ಹೊತ್ತು ಮೀರಿತ್ತು. ಮಾವ ಗೋಡೆಗೊರಗಿ ಕೂತು ಎಲ್ಲ ನೋಡುತ್ತಿದ್ದರು. ನಾನು ಬೆವರುತ್ತ, "ಇದು ಮಕ್ಕಳಿಗೆ ಚಲನೆಯ ನಿಯಮ ತೋರಿಸಾಕ ಬೇಕಾಗತೈತ್ರಿ ಮಾವಾರ" ಎಂದೆ. ಅವರು ನನ್ನ ನಿಯಮವನ್ನು ಕಿವಿಗೇ ಹಾಕಿಕೊಳ್ಳಲಿಲ್ಲ. "ಕುರ್ಚಿ ಇತ್ತಾಗ ಎಳಿರಿ" ಎಂದರು.

ಈ ಬಸ್ಸಿಗೆ ಕ್ಲಚ್ಚು ಬ್ರೇಕು ಒತ್ತಲು ಕಾಲು ಬೇಕಿರಲಿಲ್ಲ, ಕೀಬೋರ್ಡಿನ ಗುಂಡಿಗಳೇ ಸಾಕಿತ್ತು. ಪ್ಲಾಸ್ಟರಿನ ಕಾಲನ್ನು ಸ್ಟೂಲಿನ ಮೇಲಿಟ್ಟುಕೊಂಡು ಮಾವ ಮೂರು ದಿನದಲ್ಲಿ ನನಗಿಂತ ಚೆನ್ನಾಗಿ ಕಲಿತರು. ನಿಯಮದ ಪ್ರಕಾರವೇನೂ ಓಡಿಸುತ್ತಿರಲಿಲ್ಲ. ಯಾವುದೋ ಪರದೇಶದ ಊರು, ಕನ್ನಡಿಯಂಥ ರಸ್ತೆ. ಅಲ್ಲಿ ಎದುರು ಯಾರೂ ಇಲ್ಲದಿದ್ದರೂ ಹಾರ್ನ್ ಹೊಡೆಯುತ್ತಿದ್ದರು. ರಸ್ತೆ ಬದಿಯಲ್ಲಿ ಯಾರು ನಿಂತಿದ್ದರೂ ಬಸ್ಸು ನಿಲ್ಲಿಸುತ್ತಿದ್ದರು. ನಿಲ್ದಾಣವಲ್ಲದ ಕಡೆ ನಿಲ್ಲಿಸಿದಿರಿ ಎಂದು ಆಟ ದಂಡ ಹಾಕುತ್ತಿತ್ತು.

"ಅಲ್ಲಿ ನಿಲ್ಲಿಸಬಾರದ್ರಿ ಮಾವಾರ" ಎಂದು ನಾನು ಹೇಳಿದರೆ, "ಪಾಪ, ನಿಂತಾನಲ್ರಿ ಅಂವಾ" ಎನ್ನುತ್ತಿದ್ದರು. ಆ ಮನುಷ್ಯ ಹತ್ತುತ್ತಿರಲಿಲ್ಲ, ಅತ್ತಿತ್ತ ನೋಡುತ್ತಿದ್ದನಷ್ಟೇ. "ಈ ಊರಿನ ಮಂದೀಗೆ ಎಲ್ಲಿಗೂ ಹೋಗೋ ಅವಸರಾನೇ ಇಲ್ಲ ನೋಡ್ರಿ" ಎಂದು ಬೇಸರದಿಂದ ಬಸ್ಸು ಬಿಡುತ್ತಿದ್ದರು. ಅರ್ಧ ದಾರಿಯಲ್ಲಿ ಚಹಾಕ್ಕೆಂದು ಆಟ ನಿಲ್ಲಿಸಬೇಕಿತ್ತು. ನನ್ನ ಹೆಂಡತಿ ಚಹಾ ತಂದುಕೊಟ್ಟ ಮೇಲೇ ಬಸ್ಸು ಮುಂದಕ್ಕೆ. ನಾನು ಪಕ್ಕದಲ್ಲಿ ಕೂತು ನೋಡುತ್ತಿದ್ದೆ. ನಮ್ಮಿಬ್ಬರಿಗೂ ಮಾತಾಡಲು ಮೊದಲ ಸಲ ವಿಷಯ ಸಿಕ್ಕಿತ್ತು.

ತೊಂದರೆ ಶುರುವಾದದ್ದು ಜಾಗದಿಂದ. ಆಟ ಆಗಾಗ ಹೊಸ ರಸ್ತೆ, ಹೊಸ ಬಸ್ಸು ಎಂದು ಇಂಟರ್ನೆಟ್ಟಿನಿಂದ ಇಳಿಸಿಕೊಂಡು ಉಬ್ಬುತ್ತ ಹೋಯಿತು. ಕಂಪ್ಯೂಟರಿನ ಸಿ ಡ್ರೈವು ತುಂಬಿ, ಅದರ ಮೇಲಿನ ಗೆರೆ ಕೆಂಪಾಯಿತು. ಬಸ್ಸು ನಿಂತು ನಿಂತು ಓಡತೊಡಗಿತು. ಮಾವ "ಡೀಸೆಲ್‌ನ್ಯಾಗ ಕಸ ಬಂದೈತೇನ್ರಿ?" ಎಂದರು. ನಾನು ಕಂಪ್ಯೂಟರ್ ಅಂಗಡಿಯಲ್ಲಿ, ಜಾಗ ಹೆಚ್ಚಲೆಂದು, ಹೊಸ ಎಸ್‌ಎಸ್‌ಡಿ ಹಾಕಿಸಿಕೊಂಡು ಬಂದೆ. ಅದು ಡಿ ಡ್ರೈವ್ ಆಗಿ ಕೂತಿತು, ಖಾಲಿ ಬಯಲಿನ ಹಾಗೆ. ಆಟಗಳನ್ನೂ ಅದಕ್ಕೆ ಸಾಗಿಸಿಕೊಡುತ್ತೇನೆ ಎಂದು ಅಂಗಡಿಯವನು ಹೇಳಿದ್ದ. "ಅದೇನ್ ದೊಡ್ಡ ಕೆಲಸ, ನಾನೇ ಮಾಡ್ಕೊಂತೀನಿ" ಎಂದು ಬಂದಿದ್ದೆ. ಇಂಥ ಮಾತುಗಳನ್ನು ನಾನು ಎಷ್ಟು ಸಲೀಸಾಗಿ ಆಡುತ್ತೇನೆಂದು ನನಗೇ ಆಶ್ಚರ್ಯ.

ಮುಂದಿನ ಭಾನುವಾರ ಮಧ್ಯಾಹ್ನ ಊಟದ ನಂತರ ಸಾಗಿಸುವ ಕೆಲಸಕ್ಕೆ ಕೂತೆ. ಮಾವ ಪಕ್ಕದಲ್ಲಿ, ಹೆಂಡತಿ ಬಾಗಿಲಲ್ಲಿ. ನೋಡುವವರಿದ್ದಾರೆಂದು ನನ್ನ ಬೆರಳುಗಳಿಗೆ ಇಲ್ಲದ ಠೀವಿ ಬಂದಿತ್ತು.

"ಗಾಡಿ ಎಲ್ಲಿಗೆ ಒಯ್ಯಾಕತ್ತೀರಿ?" ಎಂದರು ಮಾವ.

"ಸಿಯಿಂದ ಡಿಗೆ ಒಯ್ತೀನ್ರಿ."

"ಸಿ ಅಂದ್ರ ಸಿಂಧನೂರಾತು. ಡಿ ಅಂದ್ರ ಡಿಪೋ ಏನು?"

"ಹಂಗ ಅನ್ಕೊರಿ" ಎಂದು ದೊಡ್ಡಸ್ತಿಕೆಯಿಂದ ನಕ್ಕೆ. ಆಟದ ಫೋಲ್ಡರನ್ನು ಹಿಡಿದು ಕಟ್ ಮಾಡಿದೆ, ಡಿ ಡ್ರೈವಿನಲ್ಲಿ ಪೇಸ್ಟ್ ಮಾಡಿದೆ. ಹಸಿರು ಗೆರೆ ಮೆಲ್ಲಗೆ ಸರಿಯತೊಡಗಿತು. ಅರ್ಧ ಸರಿದಿರಬೇಕು, ಕರೆಂಟು ಹೋಯಿತು.

ನಮ್ಮ ಮನೆಯ ಇನ್ವರ್ಟರಿನಿಂದ ಫ್ಯಾನು, ಲೈಟು, ಟಿವಿ ನಡೆಯುತ್ತವೆ. ಕಂಪ್ಯೂಟರಿಗೂ ಅದರ ತಂತಿ ಎಳೆಸಿ ಎಂದು ಹೆಂಡತಿ ಹಿಂದೊಮ್ಮೆ ಹೇಳಿದ್ದಳು. ಏನು ಅವಶ್ಯಕತೆ ಎಂದಿದ್ದೆ. ಈಗ ಅವಳು ತಲೆ ಮೇಲೆ ಆರಾಮಾಗಿ ತಿರುಗುತ್ತಿದ್ದ ಫ್ಯಾನನ್ನು ಒಮ್ಮೆ ನೋಡಿ ಒಳಗೆ ಹೋದಳು.

ಕರೆಂಟು ಬಂದ ಮೇಲೆ ನೋಡಿದರೆ ಆಟ ಅರ್ಧ ಸಿಯಲ್ಲಿ, ಅರ್ಧ ಡಿಯಲ್ಲಿ. ಒತ್ತಿದರೆ ತೆರೆಯಲಿಲ್ಲ. ಇಲ್ಲಿ ತಾಳ್ಮೆಯ ಮನುಷ್ಯನಾದರೆ ಉಳಿದರ್ಧವನ್ನೂ ಸಾಗಿಸಿ ನೋಡುತ್ತಿದ್ದ. ನಾನು ಎರಡೂ ಕಡೆಯ ಅರ್ಧಗಳನ್ನು ಅಳಿಸಿಬಿಟ್ಟೆ. ಕೆಟ್ಟದ್ದನ್ನು ಬುಡಸಮೇತ ಕಿತ್ತು ಹೊಸದಾಗಿ ಶುರುಮಾಡುವುದೇ ವೈಜ್ಞಾನಿಕ ವಿಧಾನ ಎಂದು ಆ ಗಳಿಗೆಯಲ್ಲಿ ನನಗೆ ಬಲವಾಗಿ ಅನಿಸಿತ್ತು. ಅಳಿಸಿದ ಮೇಲೆ ಹೊಳೆಯಿತು. ಮತ್ತೆ ಇಳಿಸಿಕೊಳ್ಳಬೇಕಾದ ಆಟ ಬೆಟ್ಟದಷ್ಟು, ನನ್ನ ಬಳಿ ಇರುವ ಇಂಟರ್ನೆಟ್ಟು ಫೋನಿನದು ಮಾತ್ರ. ಅದು ದಿನಕ್ಕೆ ಒಂದು ಬೊಗಸೆಯಷ್ಟು ಕೊಟ್ಟು ಮಲಗಿಬಿಡುತ್ತದೆ.

"ಏನಾತ್ರಿ?" ಮಾವ ಕೇಳಿದರು.

"ಫೈಲ್ ಸಿಸ್ಟಮಿನ್ಯಾಗ ಪಾಥ್ ಮಿಸ್‌ಮ್ಯಾಚ್ ಆಗೇತ್ರಿ."

ಮಾವ "ಅಂದ್ರ ಕೆಡಿಸಿದ್ರಿ" ಎಂದರು.

"ಹೌದ್ರಿ" ಎಂದೆ. ಅವರು ಇಷ್ಟು ದಿನ ಓಡಿಸಿ ಗಳಿಸಿದ ಅಂಕ, ದಾರಿ, ಬಸ್ಸು ಎಲ್ಲ ಹೋಗಿರಬಹುದು ಎಂದೂ ಹೇಳಿದೆ. ಮಾವ ಮಂಚಕ್ಕೆ ಹೋಗಿ ಗೋಡೆ ಕಡೆ ಮುಖ ಮಾಡಿ ಮಲಗಿದರು. ಸಂಜೆಯ ಚಹಾ ಬೇಡವೆಂದರು. ನನಗೆ ಆ ಹೊತ್ತು ನಿಜಕ್ಕೂ ಕೆಡುಕೆನಿಸಿತು. ಆಟ ಹೋದದ್ದಕ್ಕಲ್ಲ. ನಾಳೆಯಿಂದ ನಾವಿಬ್ಬರೂ ಮತ್ತೆ ಮಳೆಯ ಮಾತಿಗೇ ಹಿಂತಿರುಗಬೇಕಲ್ಲ ಎಂದು.

ಲಿಂಗಸುಗೂರಿಗೆ ವರ್ಗವಾಗಿ ಹೋದ ಗೆಳೆಯನೊಬ್ಬನಿದ್ದ, ಅವನೂ ಮೇಷ್ಟ್ರೇ. ಮನೆಗೆ ವೇಗದ ಇಂಟರ್ನೆಟ್ಟು ಹಾಕಿಸಿಕೊಂಡಿದ್ದೇನೆ ಎಂದು ಫೋನಿನಲ್ಲಿ ಕೊಚ್ಚಿಕೊಳ್ಳುತ್ತಿದ್ದ. ಕಂಪ್ಯೂಟರಿನ ಸಿಪಿಯು ಪೆಟ್ಟಿಗೆ ಹೊತ್ತುಕೊಂಡು ಅಲ್ಲಿಗೇ ಹೋಗಿ ಇಳಿಸಿಕೊಂಡು ಬರುವುದೆಂದು ನಿರ್ಧರಿಸಿದೆ. ಅಷ್ಟರಲ್ಲಿ ಮಾವನ ಪ್ಲಾಸ್ಟರು ತೆಗೆದಿದ್ದರು, ಕೋಲು ಹಿಡಿದು ಓಡಾಡುತ್ತಿದ್ದರು. "ನಾನೂ ಬರ್ತೀನಿ" ಎಂದರು. ಹೆಂಡತಿ ಬೇಡವೆಂದಳು. ಮಾವ ಆಗಲೇ ಚಪ್ಪಲಿ ಮೆಟ್ಟಿದ್ದರು. "ಹುಷಾರಾಗಿ ಕರ್ಕೊಂಡ್ ಬರ್ರಿ" ಎಂದು ಅವಳು ನನಗೆ ಹೇಳಿದಳೋ, ನನ್ನನ್ನು ತೋರಿಸಿ ಅವರಿಗೆ ಹೇಳಿದಳೋ ತಿಳಿಯಲಿಲ್ಲ.

ಬಸ್‌ಸ್ಟ್ಯಾಂಡಿನಲ್ಲಿ ಲಿಂಗಸುಗೂರಿನ ಬಸ್ಸು ಹೊರಡಲು ನಿಂತಿತ್ತು. ಡ್ರೈವರ್ ಕಿಟಕಿಯಿಂದ ಹೊರಗೆ ಬಗ್ಗಿ, "ಅರೆ ಉಸ್ತಾದ್! ಆವೋ ಆವೋ. ಬರ್ರಿ, ಕಾಲಿಗೇನಾತ್ರಿ?" ಎಂದು ಕೂಗಿದ. ಮಾವನ ಕೈಕೆಳಗೆ ಪಳಗಿದವನಂತೆ. ಮಾವನಿಗೆ ಅವನ ಹಿಂದಿನ ಸೀಟೇ ಸಿಕ್ಕಿತು. ಸಿಪಿಯು ಹೊತ್ತ ನನ್ನನ್ನು ಕಂಡಕ್ಟರ್ ಹಿಂದಕ್ಕೆ ದಬ್ಬಿದ. ಹೊದೆಯುವ ದುಪ್ಪಡಿಯಲ್ಲಿ ಕಟ್ಟಿದ ಪೆಟ್ಟಿಗೆಯನ್ನು ತೊಡೆಯ ಮೇಲೆ ಇಟ್ಟುಕೊಂಡು ಕೊನೆಯ ಸಾಲಿನಲ್ಲಿ ಕೂತೆ. ಪಕ್ಕದ ಅಜ್ಜಿ ಅದನ್ನು ಬೆರಳಿನಿಂದ ಒತ್ತಿ ನೋಡಿದಳು.

"ಏನೈತೋ ತಮ್ಮಾ ಇದ್ರಾಗ? ಕೋಳಿ ಏನು?"

"ಕಂಪ್ಯೂಟರ್ ಐತಿ, ಅಮ್ಮಾ."

"ಕೆಟ್ಟೈತೇನು?"

"ಹೂಂ."

"ಯಾರ್ ಕೆಡಿಸಿದ್ರು?"

"ನಾನಽ" ಎಂದೆ. ಅಜ್ಜಿಗೆ ಸಮಾಧಾನವಾಯಿತು, ಕಣ್ಣು ಮುಚ್ಚಿದಳು.

ಕಾಲುವೆ ನೀರಿನ ಗದ್ದೆಗಳು ಮುಗಿದು ಬಸ್ಸು ಒಣಭೂಮಿಗೆ ಬಂದಿತ್ತು. ಮುಂದೆ ಮಾವನ ತಲೆ ಕಾಣುತ್ತಿತ್ತು, ದನಿಯೂ ಕೇಳುತ್ತಿತ್ತು. ಅಷ್ಟು ಮಾತಾಡುವ ಮನುಷ್ಯ ಎಂದು ನನಗೆ ಗೊತ್ತೇ ಇರಲಿಲ್ಲ. ಮಸ್ಕಿಯಲ್ಲಿ ಚಹಾ ಅಂಗಡಿಯವನು ಬಸ್ಸಿನ ಕಿಟಕಿಗೇ ಚಹಾ ತಂದುಕೊಟ್ಟ. ಸಂತೆಕಲ್ಲೂರಿನ ಹತ್ತಿರ ರಸ್ತೆ ಬದಿಯಲ್ಲಿ ಒಬ್ಬ ಚೀಲ ಇಟ್ಟುಕೊಂಡು ನಿಂತಿದ್ದ. ಕೈ ಮಾಡಿರಲಿಲ್ಲ. ಆದರೂ ಡ್ರೈವರ್ ನಿಲ್ಲಿಸಿದ. ಅವನು ಚೀಲ ಎತ್ತಿಕೊಂಡು ಹತ್ತಿದ. ಮಾವ ಹಿಂದಕ್ಕೆ ಹೊರಳಿ, ಅಷ್ಟೂ ಜನರ ತಲೆಗಳ ಮೇಲಿಂದ ನನ್ನನ್ನು ಹುಡುಕಿ, "ಕಂಡ್ರಿಲ್ಲೋ?" ಎನ್ನುವ ಹಾಗೆ ಹುಬ್ಬು ಹಾರಿಸಿದರು.

ಗೆಳೆಯನ ಮನೆಯಲ್ಲಿ ಸಿಪಿಯು ಜೋಡಿಸಿದೆವು. ಆಟವನ್ನು ಮತ್ತೆ ಹಾಕುವಾಗ ಕಂಪ್ಯೂಟರ್ ಒಂದು ಸಣ್ಣ ಕಿಟಕಿ ತೆರೆದು, ಯಾವ ಡ್ರೈವಿಗೆ ಹಾಕಲಿ ಎಂದು ವಿನಯದಿಂದ ಕೇಳಿತು. ಡಿ ಎಂದೆ. ಇಳಿಯುವ ತನಕ ಸುಮ್ಮನೆ ಕೂರಲಾರದೆ ನನ್ನ ಬೇರೆ ಆಟಗಳ ಪಟ್ಟಿಯ ಮೇಲೆ ಮೌಸ್ ಆಡಿಸುತ್ತಿದ್ದೆ. ಬಲಗಡೆಯ ಗುಂಡಿ ಒತ್ತಿದಾಗ ಬಂದ ಸಾಲುಗಳ ಒಳಗೆ, ಆಟವನ್ನು ಬೇರೆ ಡ್ರೈವಿಗೆ ಸಾಗಿಸು ಎಂಬರ್ಥದ ಸಾಲೊಂದು ಕಂಡಿತು. ವರ್ಷಗಳಿಂದ ಅದು ಅಲ್ಲೇ ಇತ್ತು. ಒತ್ತಿದರೆ ಆಟವನ್ನು ತಾನೇ ಎತ್ತಿ, ತಾನೇ ಇಟ್ಟು, ವಿಳಾಸವನ್ನೂ ತಾನೇ ಬದಲಿಸಿಕೊಳ್ಳುತ್ತದೆ. ಆ ಸಾಲನ್ನು ಮುಚ್ಚುವ ಹಾಗೆ ಪರದೆಗೆ ಅಡ್ಡ ಬಂದು ಕೂತೆ. ಗೆಳೆಯ ಆಗಲೇ ನೋಡಿದ್ದ. ನಗು ತಡೆದು ಅವನ ಹೊಟ್ಟೆ ಕುಲುಕುತ್ತಿತ್ತು.

ಇಳಿಮಧ್ಯಾಹ್ನಕ್ಕೆ ಆಟ ಸಿದ್ಧವಾಯಿತು. ತೆರೆದೆ. ಮಾವನ ಬಸ್ಸು, ಅವರು ಕೊನೆಯ ಸಲ ನಿಲ್ಲಿಸಿದ್ದ ಮರದಡಿಯಲ್ಲೇ ನಿಂತಿತ್ತು. ಅಂಕ, ದಾರಿ ಎಲ್ಲವೂ ಹಾಗೇ. ಅವು ಇದ್ದದ್ದೇ ಬೇರೆ ಫೋಲ್ಡರಿನಲ್ಲಿ, ನಾನು ಮುಟ್ಟದೆ ಬಿಟ್ಟ ಜಾಗದಲ್ಲಿ. ನಾನು ಕೈ ಹಾಕದ್ದರಿಂದಲೇ ಉಳಿದಿತ್ತು ಎಂದರೂ ಸರಿಯೆ. ಗೋಡೆಗೊರಗಿ ತೂಕಡಿಸುತ್ತಿದ್ದ ಮಾವನನ್ನು ಎಬ್ಬಿಸಿದೆ.

"ಮಾವಾರ, ಬಂತು ನೋಡ್ರಿ ನಿಮ್ಮ ಗಾಡಿ. ಏನೂ ಹೋಗಿಲ್ಲ."

ಅವರು ಹತ್ತಿರ ಬಂದು ನೋಡಿದರು. ಬಾಗಿ ಒಂದು ಗುಂಡಿ ಒತ್ತಿ ಹಾರ್ನ್ ಹೊಡೆದರು. ಕುರ್ಚಿಯಲ್ಲಿ ಕೂರುತ್ತಾರೆಂದು ನಾನು ಎದ್ದು ನಿಂತೆ. ಅವರು ಗೋಡೆಯ ಗಡಿಯಾರ ನೋಡಿದರು.

"ಛಲೋ ಆತು. ಬಂದ್ ಮಾಡ್ರಿ ಇನ್ನ. ನಮ್ಮ ಡ್ರೈವರ್ ತಿರುಗಿ ಹೊಂಡೋ ಹೊತ್ತಾತು, ಬಸ್ಸು ತಪ್ಪತೈತಿ."

ವಾಪಸ್ಸು ಅದೇ ಡ್ರೈವರ್, ಅದೇ ಮುಂದಿನ ಸೀಟು. ನನಗೆ ಅದೇ ಹಿಂದಿನ ಸಾಲು. ಮಸ್ಕಿ ಬಂದಾಗ ಮಾವ ಕೋಲು ಹಿಡಿದು ಎದ್ದರು. ಚಹಾಕ್ಕೆಂದುಕೊಂಡೆ. ಅವರು ಕೆಳಗಿಳಿದು, ಕಿಟಕಿಯ ಹೊರಗಿನಿಂದ ನನಗೆ ಹೇಳಿದರು: "ನೀವು ಹೋಗ್ರಿ ಅಳಿಯಂದ್ರ. ಕಾಲು ಆರಾಮ್ ಐತಿ. ಮನಿಗೆ ಹೋಗ್ತೀನಿ."

"ಮಾವಾರ, ನಿಮ್ಮ ಬಟ್ಟಿ, ಗುಳಿಗಿ ಎಲ್ಲಾ ನಮ್ಮ ಮನ್ಯಾಗ..." ಎನ್ನುವಷ್ಟರಲ್ಲಿ ಬಸ್ಸು ಹೊರಟಿತು. ತೊಡೆಯ ಮೇಲೆ ಪೆಟ್ಟಿಗೆ, ಎದ್ದು ನಿಲ್ಲಲೂ ಆಗಲಿಲ್ಲ.

ಸಿಂಧನೂರಿನ ಮನೆಯ ಬಾಗಿಲಲ್ಲಿ ಹೆಂಡತಿ ನನ್ನ ಹಿಂದೆ ಇಣುಕಿ ನೋಡಿದಳು.

"ಅಪ್ಪ ಎಲ್ರಿ?"

"ಮಸ್ಕ್ಯಾಗ ಇಳಿದ್ರು."

"ಇಳಿದ್ರು ಅಂದ್ರ? ಡಬ್ಬಿ ತಂದೀರಿ, ನಮ್ಮಪ್ಪನ್ನ ಬಿಟ್ಟು ಬಂದೀರಿ?"

ಪೆಟ್ಟಿಗೆಯನ್ನು ಮೆಲ್ಲಗೆ ನೆಲಕ್ಕಿಟ್ಟೆ. ಅವಳು ಮಸ್ಕಿಗೆ ಫೋನು ಹಚ್ಚಿದಳು. ರೊಟ್ಟಿ ತಿನ್ನಾಕತ್ಯಾರ, ನಗಾಕತ್ಯಾರ ಎಂದು ಅತ್ತೆ ಹೇಳಿದ್ದು ನನಗೂ ಕೇಳಿಸಿತು. ಮರುದಿನ ಹೆಂಡತಿ ಗುಳಿಗೆ, ಬಟ್ಟೆಗಳ ಗಂಟು ತೆಗೆದುಕೊಂಡು ತಾನೇ ಹೋಗಿ ಕೊಟ್ಟುಬಂದಳು. ಆ ಕೆಲಸವನ್ನು ನನಗೆ ಹೇಳಲಿಲ್ಲ. ನಾನು ಮನೆಯಲ್ಲಿ ಕೂತು ಉಳಿದ ಆಟಗಳನ್ನು, ಗೆಳೆಯನ ಮನೆಯಲ್ಲಿ ಕಂಡ ಆ ಸಾಲನ್ನು ಒತ್ತಿ, ಒಂದೊಂದಾಗಿ ಸಾಗಿಸಿದೆ. ಒಂದೂ ಕೆಡಲಿಲ್ಲ.

ಈಗ ಮಾವ ಕಾಲು ತೋರಿಸಲು ಆಸ್ಪತ್ರೆಗೆ ಬಂದಾಗಲೆಲ್ಲ ನಮ್ಮಲ್ಲಿ ಒಂದು ಟ್ರಿಪ್ಪು ಹೊಡೆದೇ ಹೋಗುತ್ತಾರೆ. ಹೊಸ ಡ್ರೈವಿನಲ್ಲಿ ಬಸ್ಸು ಕಣ್ಣು ಮಿಟುಕಿಸುವಷ್ಟರಲ್ಲಿ ತೆರೆಯುತ್ತದೆ. ಮೊನ್ನೆ ಬಂದಾಗ ನಾನು ಕುರ್ಚಿ ಎಳೆದುಕೊಂಡು ಅವರ ಪಕ್ಕ ಕೂತು, ಎಡಕ್ಕೆ ಹೊರಳುವ ಮೊದಲು ಯಾವ ಗುಂಡಿ ಒತ್ತಬೇಕೆಂದು ವಿವರಿಸಲು ಹೋದೆ. ಮಾವ ಪರದೆಯಿಂದ ಕಣ್ಣು ತೆಗೆಯದೆ ಹೇಳಿದರು:

"ಅಳಿಯಂದ್ರ, ಡ್ರೈವರ್ ಜೊತಿ ಮಾತಾಡಬಾರದ್ರಿ. ಹಿಂದ ಜಾಗ ಐತಿ ನೋಡ್ರಿ, ಕುಂದರ್ರಿ."

ಹೋಗಿ ಮಂಚದ ಮೇಲೆ ಕೂತೆ.