ಟಿಟ್ಟಿಭದ ಮೊಟ್ಟೆ ಸರಿಸಿದವನು

ಶಹಾಬಾದಿನ ನಮ್ಮ ಬಡಾವಣೆಯ ಪುಟ್ಟ ಉದ್ಯಾನದಲ್ಲಿ, ಮುರಿದ ಜಾರುಬಂಡೆಯ ಹಿಂದೆ, ಗೋಡೆಯಿಂದ ಮಾರು ದೂರದಲ್ಲಿ ನಿಂತಿದ್ದೆ. ವರ್ಷಗಳ ಹಿಂದಿನ ಒಂದು ಮೇ ತಿಂಗಳ ಮುಂಜಾನೆ. ಬಿಸಿಲು ಇನ್ನೂ ಗೋಡೆ ಇಳಿದಿರಲಿಲ್ಲ. ಟಿಟ್ಟಿಭ ಹಕ್ಕಿಯ ಮೊಟ್ಟೆಗಳನ್ನು ಎತ್ತಿ ಬೇರೆಡೆ ಇಟ್ಟವನು ನಾನು — ಮಾಲಿ ಮಹಿಬೂಬಣ್ಣನಲ್ಲ.

ಹಿಂದಿನ ದಿನವಷ್ಟೇ ಅವು ಕಣ್ಣಿಗೆ ಬಿದ್ದಿದ್ದವು. ನೆಲಕ್ಕೆ ಹಾಸುವ ಫರಸಿಕಲ್ಲಿನ ಚೂರುಗಳ ನಡುವೆ, ಚೂರುಗಳದೇ ಬಣ್ಣ — ಇನ್ನೇನು ತುಳಿಯುವವನಿದ್ದೆ. ಹಕ್ಕಿ ನಲ್ಲಿಯ ಕೆಸರಿಗೆ ಓಡಿ, ಹೊಟ್ಟೆಯ ಗರಿ ನೆನೆಸಿಕೊಂಡು ಬಂದು, ಕಾದ ಮೊಟ್ಟೆಗಳ ಮೇಲೆ ಕುಳಿತಿತು. ಜೋಕಾಲಿ, ಬೆಂಚುಗಳ ಸಂದಿಯಲ್ಲಿ ಇಂಥದೊಂದು ಸಂಸಾರ! ಹೇಳದೆ ಇರಲಾಗಲಿಲ್ಲ.

ಚಹಾದಂಗಡಿಯಲ್ಲಿ ಹೇಳಿದೆ. ನೆರೆಮನೆಯ ಬಸಣ್ಣ ಕಪ್ಪು ಕೆಳಗಿಟ್ಟು ಕೇಳಿದ:

"ತತ್ತಿ ಎತ್ತರಕ್ಕ ಅದಾವೇನ್ರಿ, ತೆಗ್ಗಿನಾಗ ಅದಾವೇನ್ರಿ?"

ಟಿಟ್ಟಿಭ ಮೊಟ್ಟೆಯನ್ನು ಎತ್ತರದಲ್ಲಿಟ್ಟರೆ ಒಳ್ಳೆಯ ಮಳೆ, ತಗ್ಗಿನಲ್ಲಿಟ್ಟರೆ ಇಲ್ಲ — ನಮ್ಮ ಕಡೆಯ ನಂಬಿಕೆ. ಎಲ್ಲರೂ ನನ್ನ ಬಾಯಿಯನ್ನೇ ನೋಡುತ್ತಿದ್ದರು. ಇದ್ದದ್ದು ತಗ್ಗಿನಲ್ಲೇ; ಎತ್ತರದಲ್ಲಿವೆ ಎಂದುಬಿಟ್ಟೆ.

"ಹಂಗಾದ್ರ ನಾಳಿ ನೋಡ್ಲಿಕ್ಕ ಬರ್ತೀವ್ರಿ."

ಅವರು ಬರುವ ಮೊದಲೇ ನಾನು ಹೋದೆ. ಮೊಟ್ಟೆಗಳನ್ನು ತಗ್ಗಿನಿಂದ ತೆಗೆದು, ಪೇರಿಸಿಟ್ಟ ಫರಸಿಗಳ ಮೇಲೆ ಇಟ್ಟೆ. ಅಂಗೈಯಲ್ಲಿ ಬೆಚ್ಚಗಿದ್ದವು. ಬಂದವರು ಹಿಗ್ಗಿದರು, ನಾನೂ — ಹೌದು, ನಾನೂ ಹಿಗ್ಗಿದೆ.

ಹಕ್ಕಿ ಫರಸಿಗಳತ್ತ ಸುಳಿಯಲಿಲ್ಲ. ಕಿರುಚುತ್ತ ಸುತ್ತಿತು. ಆಮೇಲೆ ಕೆಸರಿಗೆ ಹೋಗಿ ಗರಿ ನೆನೆಸಿಕೊಂಡು ಬಂದು, ಆ ಖಾಲಿ ತಗ್ಗಿನ ಮೇಲೆ ಕುಳಿತಿತು. ಮೇಲೆ ಬಿಸಿಲಿಗೆ ಕಲ್ಲು ಕಾಯುತ್ತಿತ್ತು. ಮೊಟ್ಟೆಗಳೊಡೆದು ಮರಿ ಬರಲೇ ಇಲ್ಲ.

ಹಕ್ಕಿ ತಗ್ಗು ಬಿಡದ್ದನ್ನು ಕಂಡ ಬಸಣ್ಣನಿಗೆ ಯಾರೋ ಮೊಟ್ಟೆ ಸರಿಸಿದ್ದು ತಿಳಿಯಿತು. ಅಲ್ಲಿ ಕಸ ಗುಡಿಸುವವನು ಮಾಲಿ ಒಬ್ಬನೇ; ಚಹಾದಂಗಡಿಯಲ್ಲಿ ಅವನನ್ನು ಕಂಡು ಬಸಣ್ಣ ಅಂದ:

"ಮಹಿಬೂಬಣ್ಣಾ, ಕಸಬರಗಿಲೆ ಊರ ಮಳೀನೂ ಬಳದು ಹಾಕಿದಿ ನೋಡು."

"ಖರೇ ಹೇಳ್ತೀನಿ, ಆ ಕಡಿ ನಾ ಕಸಬರಗಿ ಹಚ್ಚೇ ಇಲ್ಲ," ಎಂದ ಮಹಿಬೂಬಣ್ಣ ನನ್ನತ್ತ ನೋಡಿದ. "ಮಾಸ್ತರ, ನೀವರೆ ಹೇಳ್ರಿ."

ನಾನು ಚಹಾ ಕುಡಿಯುತ್ತಿದ್ದೆ. ಕುಡಿಯುತ್ತಲೇ ಇದ್ದೆ.

ಅವನಿಗೆ ಆ ಮಾತು ವರ್ಷಗಟ್ಟಲೆ ಅಂಟಿತು. ಉದ್ಯಾನದ ಕೆಲಸವನ್ನೇ ಬಿಟ್ಟ. ಆ ಸಲ ಮಳೆ ಆಯಿತೋ ಇಲ್ಲವೋ — ಅದನ್ನು ಹೇಳಿ ತಪ್ಪನ್ನು ಹಗುರ ಮಾಡಿಕೊಳ್ಳಲಾರೆ.

ನಾಳೆ ಅವನ ಮನೆಗೆ ಹೋಗಿ ನಿಜ ಹೇಳುತ್ತೇನೆ; ಬಸಣ್ಣನನ್ನೂ ಕರೆದುಕೊಂಡು. ನಾನು ಮಾತು ತಿರುಗಿಸಿದರೆ ತಡೆಯಲು ಒಬ್ಬಳಿದ್ದಾಳೆ. ಅಂದು ಉದ್ಯಾನದ ಗೇಟಿನ ಬಳಿ ನಿಂತು ನನ್ನ ಕೈಯಲ್ಲಿದ್ದ ಮೊಟ್ಟೆಗಳನ್ನು ನೋಡಿದವಳು, ಇಂದೂ ಬದುಕಿರುವವಳು — ನನ್ನ ಹೆಂಡತಿ, ಶಾಂತಾಬಾಯಿ.