ಗಿರಣಿಯಲ್ಲಿ ಉಳಿದವಳು

ಠಾಣಾ ಕುಶನೂರಿನ ಶಾಲುಬಾಯಿ ಹೊಲಿದ ಕೌದಿಯನ್ನು ಜನ ದೂರದಿಂದಲೇ ಗುರುತಿಸುತ್ತಿದ್ದರು. ಔರಾದಿನ ಸಂತೆಯಲ್ಲಿ ಯಾರಾದರೂ ಬಂಡಿಯ ಮೇಲೆ ಕೌದಿ ಹೊದ್ದು ಮಲಗಿದ್ದರೆ ಸಾಕು, ಹಾದುಹೋಗುವವರು ಅದರ ಹೊಲಿಗೆ ನೋಡಿ ಹೆಸರು ಹೇಳುತ್ತಿದ್ದರು. ಎಲ್ಲರ ಹೊಲಿಗೆಯೂ ಅಂಚಿನಿಂದ ಒಳಕ್ಕೆ ಬಂದರೆ ಆಕೆಯದು ನಡುವಿನಿಂದ ಹೊರಟು ಬಸವನಹುಳುವಿನ ಚಿಪ್ಪಿನಂತೆ ಸುತ್ತುತ್ತ ಅಂಚಿಗೆ ಹೋಗುತ್ತಿತ್ತು. ಯಾರೂ ಕಲಿಸಿದ್ದಲ್ಲ. ಕೈ ಹಾಗೆ ಹೋಗುತ್ತದೆ ಎನ್ನುತ್ತಿದ್ದಳು.

ಕೌದಿಗೆ ಬೇಕಾದ ನೂಲೂ ಆಕೆಯದೇ. ಊರವರು ಸುಗ್ಗಿಯಲ್ಲಿ ಹತ್ತಿ ತಂದು ಆಕೆಯ ಅಂಗಳದಲ್ಲಿ ಸುರಿಯುತ್ತಿದ್ದರು. ಕಟ್ಟಿಗೆಯ ಪುಟ್ಟ ರಾಟೆಯಲ್ಲಿ ಹತ್ತಿಯನ್ನು ತೂರಿಸಿ ಬೀಜ ಬೇರೆ, ಅರಳೆ ಬೇರೆ ಮಾಡಿ ಕೊಡುತ್ತಿದ್ದಳು. ಕೂಲಿಯೆಂದು ಒಂದು ಪಾಲು ಅರಳೆ ಆಕೆಗೆ; ಅದನ್ನೇ ನೂಲುತ್ತಿದ್ದಳು. ಕೈಯಲ್ಲಿ ಹಿಡಿದರೆ ಇದು ಕೆರೆ ಕೆಳಗಿನ ಹೊಲದ್ದು, ಇದು ಕೆಂಪು ಮಣ್ಣಿನದು ಎಂದು ತಿಳಿಯುತ್ತಿತ್ತು.

ಭಾಲ್ಕಿಗೆ ರೈಲು ಬಂತು. ರೈಲಿನ ಬೆನ್ನ ಹಿಂದೆಯೇ ಸ್ಟೇಶನ್ನಿನ ಆಚೆ ಒಬ್ಬ ಸೇಠನ ಹತ್ತಿ ಗಿರಣಿಯೂ ಬಂತು. ದಲಾಲರು ಹೊಲಕ್ಕೇ ಹೋಗಿ, ಗಿಡದ ಮೇಲಿರುವಾಗಲೇ ಹತ್ತಿ ಕೊಂಡುಕೊಂಡರು. ಎರಡು ಸುಗ್ಗಿ ಕಳೆಯುವಷ್ಟರಲ್ಲಿ ಶಾಲುಬಾಯಿಯ ಅಂಗಳ ಬರಿದಾಯಿತು. ಗಂಡ ಕಾಶೀರಾಮ ಸ್ಟೇಶನ್ನಿನಲ್ಲಿ ಹಮಾಲಿಗೆ ಹೋದ. ಕೆಲವು ತಿಂಗಳಿಗೆ ಆಕೆಯೂ ರಾಟೆಯನ್ನು ಅಟ್ಟಕ್ಕೆ ಏರಿಸಿ ಭಾಲ್ಕಿಗೆ ನಡೆದು, ಗಂಡನ ಜೊತೆ ಅಲ್ಲೇ ಮನೆ ಮಾಡಿ ಗಿರಣಿ ಕೆಲಸಕ್ಕೆ ಸೇರಿದಳು. ಮಕ್ಕಳಿರಲಿಲ್ಲ, ತಡೆಯುವವರೂ ಇರಲಿಲ್ಲ.

ಗಿರಣಿಯೊಳಗೆ ಉದ್ದಕ್ಕೆ ಎರಡು ಸಾಲು ಯಂತ್ರ. ಅವಕ್ಕೆ ಜಿನ್ನು ಎನ್ನುತ್ತಿದ್ದರು. ಪ್ರತಿ ಜಿನ್ನಿನ ಮುಂದೆ ಒಬ್ಬ ಹೆಂಗಸು. ಪಕ್ಕದ ರಾಶಿಯಿಂದ ಹತ್ತಿ ಬಾಚಿ ಅದರ ಬಾಯಿಗೆ ತಳ್ಳುವುದು, ಮತ್ತೆ ಬಾಚಿ ತಳ್ಳುವುದು. ಅರಳೆ ಆಚೆಯ ಕಡೆ ಬೀಳುತ್ತಿತ್ತು. ಅದನ್ನು ಒಯ್ಯುವವರು ಬೇರೆ, ಒತ್ತುವವರು ಬೇರೆ, ದೊಡ್ಡ ಮೂಟೆಯಾಗಿ ಅಂಡಿಗೆ ಕಟ್ಟುವವರು ಬೇರೆ. ತಳ್ಳುವವರಿಗೆ ಅರಳೆ ಕಾಣುತ್ತಲೇ ಇರಲಿಲ್ಲ. ಕಾಣುತ್ತಿದ್ದುದು ಅದರ ಧೂಳು ಮಾತ್ರ. ಅದು ಗಾಳಿಯಲ್ಲಿ ತೇಲಿ ಕೂದಲ ಮೇಲೆ, ಹುಬ್ಬಿನ ಮೇಲೆ, ಸೀರೆಯ ಮೇಲೆ ಕೂತು, ಸೂರ್ಯ ನೆತ್ತಿಗೆ ಬರುವುದರೊಳಗೆ ಎಲ್ಲ ಹೆಂಗಸರನ್ನೂ ಒಂದೇ ಬಿಳುಪಾಗಿಸುತ್ತಿತ್ತು. ಯಂತ್ರದ ಗದ್ದಲದಲ್ಲಿ ಮಾತು ಕೇಳುತ್ತಿರಲಿಲ್ಲ. ಪಕ್ಕದ ಜಿನ್ನಿನ ಸುಭದ್ರಾಬಾಯಿ ಸಾಯಗಾಂವದವಳು, ವಯಸ್ಸಿನಲ್ಲಿ ಹಿರಿಯಳು, ಒಳ್ಳೆಯ ಮಾತುಗಾರ್ತಿ ಎಂದು ಶಾಲುಬಾಯಿಗೆ ತಿಳಿದದ್ದು ತಿಂಗಳ ಮೇಲೆ, ಇಬ್ಬರೂ ಒಟ್ಟಿಗೆ ಗೇಟಿನಿಂದ ಹೊರಬಂದ ಒಂದು ಸಂಜೆ.

ಮೊದಮೊದಲು ಶಾಲುಬಾಯಿ ಕೇಳುತ್ತಿದ್ದಳು. “ಇದು ಯಾವ ಊರ ಹತ್ತೀರಿ? ಇದರಿಂದ ಏನ್ ಮಾಡ್ತಾರ?”

ಸಾಲಿನ ಕೆಲಸ ನೋಡಿಕೊಳ್ಳುವ ಮುಕದ್ದಮ ನರಸಿಂಗ ಬಾಯಿಯನ್ನು ಆಕೆಯ ಕಿವಿಯ ಹತ್ತಿರ ತಂದು ಕೂಗಿದ. “ಅದು ನಿನಗ್ಯಾಕ ಬೇಕು? ನೀ ತಳ್ಳು.”

ಮನೆಯಲ್ಲಿ ಕಾಶೀರಾಮನನ್ನು ಕೇಳಿದಳು. ಅಂಡಿಗೆಗಳನ್ನು ರೈಲಿನ ಡಬ್ಬಿಗೆ ಏರಿಸುವವನು ಅವನೇ. ಹೆಂಡತಿಯ ಕೈ ದಾಟಿದ ಹತ್ತಿಯೇ ಮರುದಿನ ಗಂಡನ ಬೆನ್ನ ಮೇಲೆ ಬರುತ್ತಿತ್ತು.

“ಡಬ್ಬಿ ಬಾಗಿಲ ಹಾಕ್ತಾರ, ಹೋಗ್ತದ,” ಎಂದ ಅವನು. “ಎಲ್ಲಿಗಿ ಅಂತ ನನಗೂ ಗೊತ್ತಿಲ್ಲ. ಮುಂಬೈ ಅಂತಾರ.”

ಆಮೇಲೆ ಅವಳು ಕೇಳುವುದನ್ನು ಬಿಟ್ಟಳು.

ಮೊದಲು ಬದಲಾದದ್ದು ಕೈ. ಒಂದು ಮುಂಜಾನೆ ರೊಟ್ಟಿ ಬಡಿಯಲು ಕೂತಾಗ ಅಂಗೈ ಹಿಟ್ಟನ್ನು ಬಡಿಯದೆ ಮುಂದಕ್ಕೆ ತಳ್ಳಿತು. ಮತ್ತೆ ಎಳೆದುಕೊಂಡು ಬಡಿಯಹೋದಳು, ಮತ್ತೆ ತಳ್ಳಿತು. ಹಿಟ್ಟು ಕಲ್ಲಿನ ಅಂಚು ದಾಟಿ ನೆಲಕ್ಕೆ ಬಿತ್ತು. ಕಾಶೀರಾಮ ನಕ್ಕ. ಅವಳು ನಗಲಿಲ್ಲ. ಆಮೇಲೆ ಸುಮ್ಮನೆ ಕೂತಿರುವಾಗಲೂ ಕೈಗಳು ತೊಡೆಯ ಮೇಲೆ ಬಾಚುತ್ತ ತಳ್ಳುತ್ತ ಇರುತ್ತಿದ್ದವು. ನಿಲ್ಲಿಸಿದರೆ ನಿಲ್ಲುತ್ತಿದ್ದವು, ಮರೆತರೆ ಮತ್ತೆ ಶುರು.

ಗಿರಣಿಗೆ ರಜೆಯಿದ್ದ ಒಂದು ದಿನ ಹಳೆಯ ಸೀರೆ ಹಾಸಿ ಕೌದಿ ಹೊಲಿಯಲು ಕೂತಳು. ಸಂಜೆಯ ಹೊತ್ತಿಗೆ ಒಂದು ಮೊಳದಷ್ಟಾಗಿತ್ತು. ಕಾಶೀರಾಮ ಬಗ್ಗಿ ನೋಡಿದ. ಹೊಲಿಗೆ ಅಂಚಿನಿಂದ ಅಂಚಿಗೆ, ಗೆರೆ ಎಳೆದ ಹಾಗೆ ನೆಟ್ಟಗೆ ಹೋಗಿತ್ತು.

“ಇದು ಯಾರ ಕೈಯಾಗ ಹೊಲಿಸಿದಿ?”

“ನಾನೇ ಹೊಲದೀನ್ರಿ.”

ಅವಳು ಅದನ್ನು ಮಡಚಿ ಮೂಲೆಗಿಟ್ಟಳು.

ಆ ಚಳಿಗಾಲದಲ್ಲಿ ಅವಳಿಗೆ ಜ್ವರ ಬಂತು. ಮುಂಜಾನೆ ಗಿರಣಿಯ ಭೋಂಗಾ ಕೂಗಿದಾಗ ಏಳಲು ಹೋಗಿ ಗೋಡೆ ಹಿಡಿದು ಕೂತಳು. ಮಧ್ಯಾಹ್ನ ಕಾಶೀರಾಮ ಬಂದು ನೀರು ಕುಡಿಸಿ, ಒದ್ದೆ ಬಟ್ಟೆ ಹಣೆಗಿಟ್ಟು ಹೋದ. ದಿನವೆಲ್ಲ ಹಾಸಿಗೆ ಬಿಟ್ಟು ಏಳಲಿಲ್ಲ.

ಮರುದಿನ ಗಿರಣಿಗೆ ಹೋಗಿ, ಬೈಗುಳ ತಿನ್ನಲು ತಯಾರಾಗಿ ನರಸಿಂಗನ ಮುಂದೆ ನಿಂತಳು. “ನಿನ್ನಿ ಜ್ವರ ಬಂದಿತ್ರಿ. ಬರ್ಲಿಕ್ಕ ಆಗಲಿಲ್ಲ.”

ನರಸಿಂಗ ಬೀಡಿ ಬಾಯಿಂದ ತೆಗೆದ. “ನಿನ್ನಿ ದಿನಾಪೂರಾ ಇಲ್ಲೇ ಕುಂತಿದ್ದಿ ಅಲ್ಲ.”

“ಇಲ್ರಿ, ಮನ್ಯಾಗ ಮಲಗಿದ್ದೆ.”

“ಜ್ವರ ತಲಿಗಿ ಏರ್ಯದ. ಹೋಗು, ಕೂಡು.”

ಸಂಜೆ ಗೇಟಿನ ಹೊರಗೆ ಸುಭದ್ರಾಬಾಯಿಯನ್ನು ಹಿಡಿದು ನಿಲ್ಲಿಸಿದಳು. “ಅಕ್ಕಾ, ನಿನ್ನಿ ನನ್ನ ಜಾಗಾದಾಗ ಯಾರ ಕುಂತಿದ್ರು?”

“ನೀನೇ ಕುಂತಿದ್ದಿ.”

“ಮಾರಿ ನೋಡಿದೇನು?”

ಸುಭದ್ರಾಬಾಯಿ ಸೆರಗಿನ ಧೂಳು ಕೊಡವಿದಳು. “ಅಲ್ಲಿ ಯಾರ ಮಾರಿ ಯಾರ ನೋಡ್ತಾರ, ತಂಗಿ? ಖರೇ, ಹತ್ತಿ ತಳ್ಳೋದು ನಿನ್ನಂಗೇ ಇತ್ತು. ಒಂದೀಟೂ ತಪ್ಪಲಿಲ್ಲ.”

ನರಸಿಂಗ ಯಾವಳೋ ಬದಲಿಯನ್ನು ಕೂರಿಸಿ ಮರೆತಿರಬೇಕು ಎಂದು ಶಾಲುಬಾಯಿ ತನಗೆ ತಾನೇ ಹೇಳಿಕೊಂಡಳು. ಬಿಳಿ ಧೂಳಿನಲ್ಲಿ ಎಲ್ಲರೂ ಒಂದೇ ತೆರ. ಹಾಗೆ ಹೇಳಿಕೊಂಡ ಮೇಲೆ ಕೆಲವು ದಿನ ನೆಮ್ಮದಿಯಿಂದಿದ್ದಳು.

ಒಂದು ಮಧ್ಯಾಹ್ನ ಗಂಟಲು ಒಣಗಿ, ನೀರು ಕುಡಿಯಲು ಹೊರಗಿನ ಹೌದಿಗೆ ಹೋದಳು. ಬಿಸಿಲು ನಿಚ್ಚಳವಾಗಿತ್ತು. ಕುಡಿದು ತಿರುಗಿ ಬರುವಾಗ ಕಿಟಕಿಯ ಸರಳಿನಿಂದ ಒಳಗೆ ಕಣ್ಣು ಹೋಯಿತು. ಅವಳ ಜಿನ್ನು ಖಾಲಿಯಿರಬೇಕಿತ್ತು. ಖಾಲಿ ಇರಲಿಲ್ಲ. ಅಲ್ಲೊಬ್ಬಳು ಕೂತಿದ್ದಳು.

ತನ್ನ ಬೆನ್ನನ್ನು ಯಾರೂ ಕಂಡಿರುವುದಿಲ್ಲ. ಆದರೂ ಶಾಲುಬಾಯಿಗೆ ಅದು ತನ್ನ ಬೆನ್ನೆಂದು ನೋಡಿದ ಕೂಡಲೇ ತಿಳಿಯಿತು. ಸೆರಗನ್ನು ಎಡಗಡೆಯಿಂದ ಎಳೆದು ಸೊಂಟಕ್ಕೆ ಸಿಕ್ಕಿಸಿದ ರೀತಿ, ಬಲ ಭುಜ ಒಂದಿಷ್ಟು ತಗ್ಗಿದ್ದು, ಕುತ್ತಿಗೆ ಬಾಗಿದ್ದು. ಕೈಗಳು ಬಾಚುತ್ತಿದ್ದವು, ತಳ್ಳುತ್ತಿದ್ದವು. ಅವು ಅವಳ ಕೈಗಳಿಗಿಂತ ನಯವಾಗಿ, ದಣಿವಿಲ್ಲದೆ ಆಡುತ್ತಿದ್ದವು. ನರಸಿಂಗ ಸಾಲಿನುದ್ದಕ್ಕೆ ಬಂದು, ಆ ಜಿನ್ನಿನ ಹತ್ತಿರ ಒಂದು ಗಳಿಗೆ ನಿಂತು, ತಲೆಯಾಡಿಸಿ ಮುಂದೆ ಹೋದ.

ಶಾಲುಬಾಯಿ ಒಳಗೆ ಹೋಗಲಿಲ್ಲ. ಗೇಟಿನ ಚೌಕೀದಾರ ಮುಜೀಬೋದ್ದೀನ ಆಕೆಯ ಮುಖ ನೋಡಿ ತನ್ನ ಸ್ಟೂಲು ಬಿಟ್ಟುಕೊಟ್ಟ.

“ಚಾಚಾ, ಒಳಗ ನಾ ಕುಂತೀನಿ,” ಎಂದಳು.

ಮುದುಕ ನಗಲಿಲ್ಲ. “ಬೇಟಿ, ಭೋಂಗಾ ಆದ ಮ್ಯಾಲ ನಾ ಇಲ್ಲಿ ಕುಂತು ಎಲ್ಲಾರನ್ನೂ ನೋಡ್ತೇನಿ. ಒಳಗ ಹೋದಷ್ಟು ಮಂದಿ ಹೊರಗ ಬರಲ್ಲ. ಬಂದವರೂ ಪೂರಾ ಬರಲ್ಲ. ನೀ ಮನಿಗಿ ಹೋಗು.”

ಅವಳು ಹೇಳಿದ್ದನ್ನು ಕಾಶೀರಾಮ ನಂಬಲಿಲ್ಲ. ಮರುದಿನ ಅವಳನ್ನು ಮನೆಯಲ್ಲೇ ಇರಹೇಳಿ, ಅಂಡಿಗೆ ತರುವ ನೆಪದಲ್ಲಿ ತಾನೇ ಗಿರಣಿಯೊಳಗೆ ಹೋದ. ಬೇಗ ಬಂದ. ಬಾಗಿಲಲ್ಲಿ ಕೂತು ಬಹಳ ಹೊತ್ತು ರುಮಾಲಿನಿಂದ ಮುಖ ಒರೆಸಿಕೊಂಡ.

“ಕೂಗಿದೆ,” ಎಂದ ಕಡೆಗೆ. “ನನ್ನ ಕಡಿ ನೋಡಿದಳು. ಗ್ವಾಡಿ ನೋಡಿದಂಗ ನೋಡಿದಳು. ಮತ್ತ ಕೆಲಸಾ ಮಾಡ್ಲಾಕತ್ತಳು.” ರುಮಾಲು ಹೆಗಲಿಗೆ ಹಾಕಿ ಹೇಳಿದ, “ನಾಳಿ ಬೀದರಿಗಿ ಹೋಗಿಬಿಡೋಣು. ಅಲ್ಲಿ ಏನರ ಸಿಗ್ತದ.”

ಶಾಲುಬಾಯಿ ಪಾತ್ರೆ ಗಂಟು ಕಟ್ಟಿದಳು. ಆದರೆ ಮನಸ್ಸು ಒಪ್ಪಲಿಲ್ಲ. ಹೆದರಿ ಬೆಚ್ಚಿಬಿದ್ದ ಕೂಸನ್ನು ಬಿದ್ದ ಜಾಗದಿಂದಲೇ ಹೆಸರು ಹಿಡಿದು ಮನೆಗೆ ಕರೆಯುತ್ತಾರೆ. ಕರೆಯದೆ ಹೋದರೆ ಅದರ ಜೀವ ಅಲ್ಲೇ ನಿಲ್ಲುತ್ತದೆಂದು ಊರಿನ ನಂಬಿಕೆ. ಗಿರಣಿಯಲ್ಲಿರುವವಳನ್ನು ಹಾಗೆ ಬಿಟ್ಟು ಹೋಗುವುದು ಹೇಗೆ? ಗಂಡನಿಗೆ ಹೇಳದೆ ಸಂಜೆ ಗೇಟಿಗೆ ಹೋಗಿ ನಿಂತಳು.

ಭೋಂಗಾ ಕೂಗಿತು. ಬಿಳಿ ಹೆಂಗಸರು ಒಬ್ಬರ ಹಿಂದೆ ಒಬ್ಬರು ಹೊರಗೆ ಬಂದರು. ಇನ್ನೂ ಬೆಳಕಿತ್ತು. “ಶಾಲೂ, ಮನಿಗಿ ಬಾ,” ಎಂದಳು. ಯಾರೂ ತಿರುಗಲಿಲ್ಲ. ಮತ್ತೆ ಗಟ್ಟಿಯಾಗಿ ಕರೆದಳು. ಎಲ್ಲರಿಗಿಂತ ಹಿಂದೆ ಬಂದವಳು ಅವಳೇ, ತನ್ನ ಜಿನ್ನಿನ ಮುಂದೆ ಕೂತಿದ್ದವಳು. ಎದುರು ಬಂದಾಗ ಶಾಲುಬಾಯಿ ಕೈ ಹಿಡಿದಳು. ಕೈ ಬೆಚ್ಚಗಿತ್ತು. ಹಿಡಿತದೊಳಗೂ ಬೆರಳುಗಳು ಮೆಲ್ಲಗೆ ಬಾಚುತ್ತಲೇ ಇದ್ದವು.

ಆ ಹೆಂಗಸು ತಲೆ ಎತ್ತಿದಳು. ರೆಪ್ಪೆಯ ಮೇಲೂ ಬಿಳಿ.

“ಯಾರ್ರೀ ನೀವು?” ಎಂದಳು. ದನಿ ಶಾಲುಬಾಯಿಯದೇ.

“ನಾ ಶಾಲು.”

“ಇರಬೌದ್ರಿ. ಕೈ ಬಿಡ್ರಿ, ಕೆಲಸಾ ಅದ.”

ಶಾಲುಬಾಯಿ ಕೈ ಬಿಟ್ಟಳು. ಹೆಂಗಸು ಊರ ಕಡೆ ನಡೆಯಲಿಲ್ಲ. ಬಂದ ದಾರಿಯಲ್ಲೇ ತಿರುಗಿ, ನಿಂತ ಯಂತ್ರಗಳ ಕಡೆ ಒಳಗೆ ಹೋದಳು. ಮುಜೀಬೋದ್ದೀನ ನೆಲ ನೋಡುತ್ತ ಗೇಟು ಹಾಕಿದ.

ಬೀದರಿನಲ್ಲಿ ಅವರಿಗೆ ಬದುಕು ಸಿಕ್ಕಿತು. ಕಾಶೀರಾಮ ಕಾಳಿನ ಅಡತಿ ಅಂಗಡಿಯಲ್ಲಿ ಚೀಲ ಹೊತ್ತ. ಶಾಲುಬಾಯಿ ಖುರ್ಷಿದ ಬೇಗಂ ಎಂಬ ವಿಧವೆಯ ಮನೆಯಲ್ಲಿ ರಜಾಯಿ ಹೊಲಿಯುವ ಕೆಲಸ ಹಿಡಿದಳು. ಮೊದಲಿನ ವರ್ಷ ಹೊಲಿದುದನ್ನೆಲ್ಲ ಬೇಗಂ ಬಿಚ್ಚಿಸಿದಳು. ಬೈಯಲಿಲ್ಲ, “ಇದರಾಗ ನೀ ಇಲ್ಲ” ಎನ್ನುತ್ತಿದ್ದಳು ಅಷ್ಟೆ. ಕೈಗಳು ನಿಧಾನವಾಗಿ ಹಿಂದಿರುಗಿದವು. ಹೆಸರು ಹಿಂದಿರುಗಲು ಇನ್ನೂ ತಡವಾಯಿತು. ಯಾರಾದರೂ “ಶಾಲುಬಾಯಿ” ಎಂದು ಕರೆದರೆ ಆಕೆ ಮೊದಲು ಹಿಂದೆ ತಿರುಗಿ, ಅಲ್ಲಿ ಯಾರೂ ಇಲ್ಲವೆಂದು ನೋಡಿಕೊಂಡು ಆಮೇಲೆ ಓ ಎನ್ನುತ್ತಿದ್ದಳು.

ಕೆಲವು ವರ್ಷದ ನಂತರ, ಗಿರಣಿ ಜೋರಾಗಿ ನಡೆಯುವ ದಿನಗಳಲ್ಲೇ, ಒಂದು ಮುಂಜಾನೆ ಸುಭದ್ರಾಬಾಯಿ ಅವರ ಮನೆ ಕೇಳಿಕೊಂಡು ಬಂದಳು. ಸೊರಗಿದ್ದಳು. ಹೊಸ್ತಿಲ ಹೊರಗೇ ಕೂತಳು. ಶಾಲುಬಾಯಿ ನೀರು, ಬೆಲ್ಲ ಕೊಟ್ಟಳು. ಹತ್ತಿರ ಕೂತು ಕೇಳಿದಳು.

“ಆಕಿ ಇನ್ನಾ ಇದ್ದಾಳೇನಕ್ಕಾ?”

“ಇದ್ದಾಳ. ಅದೇ ಜಾಗಾ. ಜಡ್ಡಿಲ್ಲ, ಜಾಪತ್ರಿಲ್ಲ. ಪಗಾರನೂ ಕೇಳಲ್ಲ. ನರಸಿಂಗಗ ಭಾರಿ ಖುಷಿ.”

“ಉಣ್ತಾಳೇನು?”

“ಉಣ್ಣೋದು ನಾ ಕಂಡಿಲ್ಲ.”

“ಗಿರಣಿ ಬಂದ್ ಆದಾಗ?”

“ಕೀಲಿ ಹಾಕ್ತಾರ,” ಎಂದು ಸುಭದ್ರಾಬಾಯಿ ನೆಲಕ್ಕೆ ಕಣ್ಣಿಳಿಸಿದಳು.

ಆಮೇಲೆ ತಾನು ಬಂದ ಕಾರಣ ಹೇಳಿದಳು. ಮಗಳ ಮದುವೆಗೆಂದು ಸಾಯಗಾಂವಕ್ಕೆ ಹೋಗಿ, ಹತ್ತಾರು ದಿನ ಅಲ್ಲೇ ನಿಂತಿದ್ದಳು. ತಿರುಗಿ ಬಂದಾಗ ನರಸಿಂಗ ಏನನ್ನೂ ಕೇಳಲಿಲ್ಲ. ಅವಳ ಜಿನ್ನು ಓಡುತ್ತಿತ್ತು. ಮುಂದೆ ಒಬ್ಬಳು ಕೂತಿದ್ದಳು.

“ಹತ್ರ ಹೋಗಿ ನಿಂತೆ, ತಂಗಿ. ಏಳು ಅಂದೆ. ಏಳಲಿಲ್ಲ. ಸುತ್ತ ನೋಡಿದೆ, ಅರ್ಧಾ ಸಾಲು ಹಂಗೇ ಕುಂತದ. ಅದರಾಗ ಯಾರು ಮನಿಗಿ ಹೋಗೋರು, ಯಾರು ಹೋಗದೋರು, ನನಗ ತಿಳೀಲಿಲ್ಲ.” ಅವಳ ದನಿ ಇಳಿಯಿತು. “ಈಗ ಇಲ್ಲಿ ಬಂದೋಳು ಯಾರು ಅಂತನೂ ನನಗ ಸರಿಯಾಗಿ ತಿಳೀವಲ್ದು.”

ಶಾಲುಬಾಯಿ ಎದ್ದಳು. ಒಲೆ ಹೊತ್ತಿಸಿ, ರೊಟ್ಟಿ ಬಡಿದು, ಪುಂಡಿಪಲ್ಯ ಹಾಕಿ ಅವಳ ಮುಂದಿಟ್ಟಳು. ಎದುರಿಗೇ ಕೂತು ಅವಳ ಬಾಯಿಯನ್ನೇ ನೋಡಿದಳು. ಸುಭದ್ರಾಬಾಯಿ ತುತ್ತು ಮುರಿದಳು, ಸ್ವಲ್ಪ ಹೊತ್ತು ಕೈಯಲ್ಲಿ ಹಿಡಿದಿದ್ದಳು, ಆಮೇಲೆ ಬಾಯಿಗಿಟ್ಟಳು. ಅಗಿದಳು. ನುಂಗಿದಳು.

“ಉಪ್ಪ ಜರಾ ಕಮ್ಮಿ ಆಗ್ಯದ,” ಎಂದಳು.

ಆಗ ಶಾಲುಬಾಯಿಗೆ ಅಳು ಬಂತು. ಎದ್ದು ಹೋಗಿ ಉಪ್ಪು ತಂದಳು.

ಸಂಜೆಯ ರೈಲಿಗೆ ಸುಭದ್ರಾಬಾಯಿ ಹೋಗಲಿಲ್ಲ. ಮರುದಿನವೂ ಹೋಗಲಿಲ್ಲ. ಕಾಶೀರಾಮ ಪಡಸಾಲೆಯಲ್ಲಿ ಅವಳಿಗೆ ಮಲಗಲು ತಡಿಕೆಯ ಮರೆ ಕಟ್ಟಿಕೊಟ್ಟ. ಭಾಲ್ಕಿಯಿಂದ ಅವಳನ್ನು ಕೇಳಿಕೊಂಡು ಯಾರೂ ಬರಲಿಲ್ಲ.